ಒಂದೇ ರೂಮಲ್ಲಿ ಎರಡು ಕುರ್ಚಿ: ಸರ್ಕಾರಿ ನೌಕರಿಯ ರಕ್ಷಣೆ ಎಲ್ಲಿಂದ ಬಂತು, ಎಲ್ಲಿಗೆ ನಿಂತೋಯ್ತು

ಹಾಸನದಲ್ಲಿ ನಮ್ಮ ಬೀದಿಲೇ ಇರೋ ಒಬ್ಬ ಹೆಣ್ಮಗಳು ಒಂದು ಸರ್ಕಾರಿ ಆಫೀಸಲ್ಲಿ ಏಜೆನ್ಸಿ ಮೂಲಕ ಹೊರಗುತ್ತಿಗೆ ಮೇಲೆ ಡೇಟಾ ಎಂಟ್ರಿ ಕೆಲಸ ಮಾಡ್ತಾಳೆ, ಹನ್ನೊಂದು ವರ್ಷ ಆಯ್ತು. ಪಕ್ಕದ ಕುರ್ಚಿಲಿ ಕೂರೋದು ಒಬ್ಬ ಕಾಯಂ ಎಸ್‌ಡಿಎ, ಅಂದ್ರೆ ದ್ವಿತೀಯ ದರ್ಜೆ ಸಹಾಯಕ. ಹೋದ ವರ್ಷ ಒಂದೇ ಫೈಲಿನ ವಿಷಯಕ್ಕೆ ಇಬ್ಬರ ಮೇಲೂ ದೂರು ಬಂತು. ಎಸ್‌ಡಿಎಗೆ ಕಾರಣ ಕೇಳಿ ನೋಟಿಸ್ ಬಂತು, ಹದಿನೈದು ದಿನ ಟೈಮ್ ಸಿಕ್ತು, ಉತ್ತರ ಬರ್ಕೊಟ್ಟ, ಅದನ್ನ ಓದಿ ಮೇಲಿನವರು ಕೈಬಿಟ್ರು. ಇವಳಿಗೆ ಶನಿವಾರ ಸಂಜೆ ಏಜೆನ್ಸಿಯವನು ಫೋನ್ ಮಾಡಿ "ಸೋಮವಾರದಿಂದ ಬರೋದು ಬೇಡಮ್ಮ" ಅಂದ. ಅಷ್ಟೇ. ಅವರಿವರ ಕೈಕಾಲು ಹಿಡಿದು ಹತ್ತೊಂಬತ್ತು ದಿನ ಆದ್ಮೇಲೆ ವಾಪಸ್ ಸೇರಿದ್ಲು, ಆ ಹತ್ತೊಂಬತ್ತು ದಿನದ ಸಂಬಳ ಇಲ್ಲ.

ಆಮೇಲೆ ಒಂದು ದಿನ ಮನೆಗೆ ಬಂದು ಕೇಳಿದ್ಲು, "ಅಣ್ಣ, ಅವ್ರಿಗೆ ನೋಟಿಸ್ ಕೊಡ್ಲೇಬೇಕು ಅಂತ ಯಾವ ಕಾನೂನು ಹೇಳುತ್ತೆ? ಅದು ನಂಗ್ಯಾಕಿಲ್ಲ?"

ನಾನು 31 ವರ್ಷ ಸರ್ಕಾರಿ ಕಚೇರಿಲಿ ಗುಮಾಸ್ತ ಆಗಿದ್ದೋನು, ಆ ಕಾನೂನಿನ ನೆರಳಲ್ಲೇ ಬದುಕಿದೋನು, ಆದ್ರೂ ಅವತ್ತು ಅವಳಿಗೆ ಸರಿಯಾಗಿ ಉತ್ತರ ಕೊಡಕ್ಕಾಗಲಿಲ್ಲ. ಯಾಕಂದ್ರೆ ಉತ್ತರ ಕೊಡಬೇಕಂದ್ರೆ ನೂರು ವರ್ಷ ಹಿಂದಕ್ಕೆ ಹೋಗ್ಬೇಕು.

ಬ್ರಿಟಿಷರ ಕಾಲದಲ್ಲಿ ನಿಯಮ ಸರಳ, ನೌಕರ ಕೆಲಸದಲ್ಲಿರೋದು ದೊರೆಯ ಇಷ್ಟ ಇರೋವರೆಗೆ. ಇಷ್ಟ ಇಲ್ವಾ, ಮನೆಗೆ ಹೋಗು. 1919ರ ಭಾರತ ಸರ್ಕಾರದ ಕಾಯ್ದೆಲಿ 96ಬಿ ಅಂತ ಒಂದು ಕಲಂ ಬಂತು, ದೊರೆಯ ಇಷ್ಟ ಅನ್ನೋದನ್ನ ಹಾಗೇ ಇಟ್ಟುಕೊಂಡು, ನೇಮಕ ಮಾಡಿದ ಅಧಿಕಾರಿಗಿಂತ ಕೆಳಗಿನವನು ವಜಾ ಮಾಡಂಗಿಲ್ಲ ಅಂತ ಒಂದು ಬೇಲಿ ಹಾಕ್ತು. ಆ ಬೇಲಿ ಎಷ್ಟು ಗಟ್ಟಿ ಅನ್ನೋದು 1937ರಲ್ಲಿ ಗೊತ್ತಾಯ್ತು. ಮದ್ರಾಸಿನ ಸರ್ಕಾರಿ ಪ್ರೆಸ್ಸಲ್ಲಿ ಕೆಲಸಕ್ಕಿದ್ದ ವೆಂಕಟರಾವ್ ಅನ್ನೋರನ್ನ ಪ್ರಶ್ನೆಪತ್ರಿಕೆ ಸೋರಿಕೆ ಅನುಮಾನದ ಮೇಲೆ ತೆಗೆದಿದ್ರು, ನಿಯಮದ ಪ್ರಕಾರ ವಿಚಾರಣೆ ಆಗಿಲ್ಲ ಅಂತ ಅವರು ಆಗಿನ ಕಾಲದ ಕೊನೇ ಮೇಲ್ಮನವಿ ಕೋರ್ಟು, ಲಂಡನ್ನಿನ ಪ್ರಿವಿ ಕೌನ್ಸಿಲ್ ತನಕ ಹೋದ್ರು. ಅಲ್ಲಿ ಹೇಳಿದ್ದು ಏನಂದ್ರೆ, ನಿಯಮ ಇರೋದು ನಿಜ, ಆದ್ರೆ ಅದನ್ನ ಮುರಿದ್ರು ಅಂತ ಕೋರ್ಟಿಗೆ ಬರೋ ಹಕ್ಕು ನಿನಗಿಲ್ಲ ಅಂತ. ಅಂದ್ರೆ ಹಕ್ಕು ಕಾಗದದ ಮೇಲೆ ಮಾತ್ರ. 1935ರ ಕಾಯ್ದೆಯ 240ನೇ ಕಲಂ ಬಂದ್ಮೇಲೆ ಸಮಜಾಯಿಷಿ ಹೇಳೋಕೆ ಅವಕಾಶ ಕೊಡ್ಲೇಬೇಕು ಅನ್ನೋದು ಕಾಯ್ದೆ ಒಳಗೇ ಸೇರಿತು.

ನಮ್ಮ ಹಾಸನ ಮತ್ತೆ ಆಗ ಕಡೂರು ಜಿಲ್ಲೆ ಅಂತಿದ್ದ ಚಿಕ್ಕಮಗಳೂರು ಎರಡೂ ಮೈಸೂರು ಸಂಸ್ಥಾನದಲ್ಲಿದ್ವು, ಇಲ್ಲಿ ಆಗ ಕೇಳ್ತಿದ್ದ ಪ್ರಶ್ನೆನೇ ಬೇರೆ. ಕೆಲಸದಿಂದ ಯಾರನ್ನ ಹೇಗೆ ತೆಗೀತಾರೆ ಅನ್ನೋದಕ್ಕಿಂತ ಕೆಲಸ ಯಾರಿಗೆ ಸಿಗುತ್ತೆ ಅನ್ನೋದು ದೊಡ್ಡದಾಗಿತ್ತು. ನಾಲ್ವಡಿ ಕೃಷ್ಣರಾಜ ಒಡೆಯರು 1918ರಲ್ಲಿ ಮಿಲ್ಲರ್ ಸಮಿತಿ ಮಾಡಿದ್ರು, ಮುಖ್ಯ ನ್ಯಾಯಾಧೀಶ ಲೆಸ್ಲಿ ಮಿಲ್ಲರ್ ಅದರ ಅಧ್ಯಕ್ಷ. ಏಳು ವರ್ಷದೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧ, ಕೆಳಗಿನ ಹುದ್ದೆಗಳಲ್ಲಿ ಮೂರರಲ್ಲಿ ಎರಡು ಭಾಗ ಹಿಂದುಳಿದವರಿಗೆ ಸಿಗೋ ಹಾಗೆ ಆಗಬೇಕು ಅಂತ ಅದು ಹೇಳ್ತು. ದಿವಾನರಾಗಿದ್ದ ವಿಶ್ವೇಶ್ವರಯ್ಯನವರು ಇದಕ್ಕೆ ಒಪ್ಪದೆ ಹುದ್ದೆ ಬಿಟ್ರು. ಸರ್ಕಾರಿ ನೌಕರಿ ಅಂದ್ರೆ ಬರೀ ಸಂಬಳ ಅಲ್ಲ, ಒಂದು ಕೇರಿ, ಒಂದು ಜಾತಿ ತಲೆ ಎತ್ತೋ ದಾರಿ ಅನ್ನೋದು ನಮ್ಮ ಕಡೆ ಅವತ್ತಿಂದಾನೇ ಇರೋ ತಿಳುವಳಿಕೆ, ಇದನ್ನ ಮರೆತು ಹೊರಗುತ್ತಿಗೆ ಬಗ್ಗೆ ಮಾತಾಡಕ್ಕಾಗಲ್ಲ. ಹೊರಗುತ್ತಿಗೆ ಬಂದ ಕಡೆ ಪರೀಕ್ಷೆ, ಮೀಸಲಾತಿ, ಯಾವ ಹುದ್ದೆ ಯಾವ ವರ್ಗಕ್ಕೆ ಅಂತ ಹೇಳೋ ರೋಸ್ಟರ್ ಎಲ್ಲಾ ಬಹುಕಾಲ ಹಿಂದೆ ಸರಿದುಬಿಟ್ವು.

ಸ್ವಾತಂತ್ರ್ಯ ಬಂದ್ಮೇಲೆ ಸಂವಿಧಾನ ಸಭೆಲಿ ಇದರ ಬಗ್ಗೆ ಜಗಳನೇ ಆಯ್ತು. ಬ್ರಿಟಿಷರ ಕೈಕೆಳಗೆ ನಮ್ಮನ್ನ ಜೈಲಿಗೆ ಹಾಕಿದ ಅಧಿಕಾರಿಗಳಿಗೆ ಈಗ ನಾವೇ ರಕ್ಷಣೆ ಕೊಡೋದಾ ಅಂತ ಸದಸ್ಯರು ಕೇಳಿದ್ರು, ಕೇಳೋದು ಸಹಜ. 1949ರ ಅಕ್ಟೋಬರ್ 10ಕ್ಕೆ ಸರ್ದಾರ್ ಪಟೇಲರು ಎದ್ದು ನಿಂತು ಹೇಳಿದ್ದರ ಸಾರ ಇಷ್ಟು: ಮನಸ್ಸಲ್ಲಿರೋದನ್ನ ಧೈರ್ಯವಾಗಿ ಹೇಳೋ ಅಧಿಕಾರಿಗಳು ಇಲ್ಲದಿದ್ರೆ ದೇಶ ಒಗ್ಗಟ್ಟಾಗಿ ಇರಲ್ಲ. ಅವರು ಮಾತಾಡಿದ್ದು ದೊಡ್ಡ ಅಧಿಕಾರಿಗಳ ಬಗ್ಗೆ, ಆದ್ರೆ ಸಂವಿಧಾನದ 311ನೇ ವಿಧಿ ತಾಲೂಕು ಆಫೀಸಿನ ಜವಾನನಿಗೂ ಸಿಕ್ತು. 310ರಲ್ಲಿ ರಾಷ್ಟ್ರಪತಿ, ರಾಜ್ಯಪಾಲರ ಇಷ್ಟ ಇರೋವರೆಗೆ ಕೆಲಸ ಅನ್ನೋ ಹಳೇ ಮಾತೇ ಇದೆ, 311 ಅದಕ್ಕೆ ಕಡಿವಾಣ: ನೇಮಕ ಮಾಡಿದವರಿಗಿಂತ ಕೆಳಗಿನವರು ವಜಾ ಮಾಡಂಗಿಲ್ಲ, ಆರೋಪ ಏನು ಅಂತ ತಿಳಿಸಿ, ವಿಚಾರಣೆ ನಡೆಸಿ, ಹೇಳೋದನ್ನ ಕೇಳದೆ ಕಳಿಸಂಗಿಲ್ಲ.

ಇದರ ಬೆಲೆ ನನಗೆ ಗೊತ್ತಾಗಿದ್ದು ಪುಸ್ತಕ ಓದಿ ಅಲ್ಲ. ಒಂದು ಆಫೀಸಲ್ಲಿದ್ದಾಗ ಮೇಲಿನವರೊಬ್ಬರು ಒಂದು ಜಮೀನಿನ ಫೈಲಿಗೆ ಮೂರು ತಿಂಗಳ ಹಿಂದಿನ ತಾರೀಕು ಹಾಕಿ ಟಿಪ್ಪಣಿ ಬರಿ ಅಂದ್ರು. ಆಗಲ್ಲ ಸಾರ್ ಅಂದೆ. ಒಂದು ತಿಂಗಳಲ್ಲಿ ನನ್ನ ಮೇಲೆ ಡಿಇ, ಅಂದ್ರೆ ಇಲಾಖಾ ವಿಚಾರಣೆ, ಬೇರೆ ಯಾವುದೋ ಕಾರಣ ಹಿಡಿದು. ನಾಲ್ಕು ವರ್ಷ ನಡೀತು, ಬಡ್ತಿ ಸೀಲ್ಡ್ ಕವರ್ ಒಳಗೆ ಹೋಯ್ತು, ಅಂದ್ರೆ ವಿಚಾರಣೆ ಮುಗಿಯೋ ತನಕ ತಡೆಹಿಡಿದ್ರು, ಮನೆಯವಳು ರಾತ್ರಿ ನಿದ್ದೆ ಬಿಟ್ಲು. ಕೊನೆಗೆ ವಿಚಾರಣಾಧಿಕಾರಿ ಆರೋಪ ಸಾಬೀತಾಗಿಲ್ಲ ಅಂತ ಬರೆದ್ರು. ಆ ನಾಲ್ಕು ವರ್ಷದ ಕಷ್ಟ ಕಷ್ಟನೇ, ಆದ್ರೆ ನನ್ನ ಮಾತು ಕೇಳೋಕೆ ಒಬ್ಬರು ಕೂತಿದ್ರು, ಸಾಕ್ಷಿ ಕರೆಯೋಕೆ ಹಕ್ಕಿತ್ತು, ಸಂಬಳ ಬರ್ತಿತ್ತು. ಆಗಲ್ಲ ಅನ್ನೋ ಒಂದು ಪದ ನನ್ನ ಬಾಯಿಂದ ಬಂದಿದ್ದು ಈ ಕಾನೂನು ಬೆನ್ನಿಗಿತ್ತು ಅಂತಾನೇ. ಆ ಜಮೀನು ಯಾವುದೋ ಬಡ ವಿಧವೆದು, ಆಯಮ್ಮನಿಗೆ 311 ಅಂದ್ರೇನು ಅಂತಲೂ ಗೊತ್ತಿರಲಿಲ್ಲ.

ಮುಂದಿನ ಅರವತ್ತು ಎಪ್ಪತ್ತು ವರ್ಷ ಕೋರ್ಟುಗಳು ಈ ವಿಧಿನ ಎಳೆದು, ಬಿಗಿದು, ಅಲ್ಲಲ್ಲಿ ಸಡಿಲ ಮಾಡಿ ಇಲ್ಲಿಗೆ ತಂದಿವೆ. 1957ರಲ್ಲಿ ಪುರುಷೋತ್ತಮ ಲಾಲ್ ಧಿಂಗ್ರಾ ಅನ್ನೋ ರೈಲ್ವೆ ನೌಕರರ ಕೇಸಲ್ಲಿ ಸುಪ್ರೀಂ ಕೋರ್ಟು ಟೆಂಪರರಿ ನೌಕರನಿಗೂ 311 ಇದೆ, ಶಿಕ್ಷೆ ಅಂತ ತೆಗೆಯೋದಾದ್ರೆ ವಿಚಾರಣೆ ಬೇಕೇ ಬೇಕು ಅಂತು. ಧಿಂಗ್ರಾ ಅವರು ಸೋತ್ರು, ಆದ್ರೆ ಆ ತತ್ವ ಉಳೀತು, ಇದನ್ನ ನೆನಪಲ್ಲಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತೆ. 1976ರ 42ನೇ ತಿದ್ದುಪಡಿ ಶಿಕ್ಷೆ ಎಷ್ಟು ಅನ್ನೋ ಹಂತದಲ್ಲಿ ಎರಡನೇ ಸಲ ಕೇಳಬೇಕು ಅನ್ನೋದನ್ನ ತೆಗೆದುಹಾಕ್ತು. 1985ರ ತುಳಸೀರಾಮ್ ಪಟೇಲ್ ತೀರ್ಪು ಕೆಲವು ಸಂದರ್ಭದಲ್ಲಿ ವಿಚಾರಣೆ ಇಲ್ಲದೇನೂ ವಜಾ ಮಾಡಬಹುದು ಅಂತು. 1993ರಲ್ಲಿ ಕರುಣಾಕರ್ ಕೇಸಲ್ಲಿ ಶಿಕ್ಷೆ ಕೊಡೋ ಮುಂಚೆ ವಿಚಾರಣಾ ವರದಿ ನೌಕರನ ಕೈಗೆ ಕೊಡಬೇಕು ಅಂತ ಆಯ್ತು, 2015ರಲ್ಲಿ ಅಜಯ್ ಕುಮಾರ್ ಚೌಧರಿ ಕೇಸಲ್ಲಿ ಮೂರು ತಿಂಗಳೊಳಗೆ ಚಾರ್ಜ್‌ಶೀಟ್ ಕೊಡದೆ ಸಸ್ಪೆನ್ಶನ್ ಎಳೀಬಾರದು ಅಂತ ಆಯ್ತು.

ನಮ್ಮ ರಾಜ್ಯದ ಮಟ್ಟಿಗೆ 1956 ದೊಡ್ಡ ವರ್ಷ. ಮೈಸೂರು, ಮುಂಬೈ, ಹೈದರಾಬಾದ್, ಮದ್ರಾಸ್, ಕೊಡಗು ಹೀಗೆ ಐದು ಕಡೆಯ ನೌಕರರು ಒಂದೇ ರಾಜ್ಯಕ್ಕೆ ಬಂದ್ರು, ಯಾರು ಸೀನಿಯರ್ ಅನ್ನೋ ಜಗಳ ಎಷ್ಟೋ ವರ್ಷ ನಡೀತು. ಎಲ್ಲರಿಗೂ ಒಂದೇ ನಿಯಮ ಬೇಕಲ್ಲ, ಅದಕ್ಕೆ 1957ರಲ್ಲಿ ಶಿಸ್ತು ಕ್ರಮ, ಮೇಲ್ಮನವಿಗಳ ಸಿಸಿಎ ರೂಲ್ಸ್, 1958ರಲ್ಲಿ ಸಂಬಳ, ರಜೆ, ಪೆನ್ಶನ್ನಿನ ಕೆಸಿಎಸ್ಆರ್ ನಿಯಮಗಳು ಬಂದ್ವು. 1986ರಲ್ಲಿ ಕೆಎಟಿ, ಅಂದ್ರೆ ನೌಕರರ ಕೇಸು ಕೇಳೋ ರಾಜ್ಯ ಆಡಳಿತ ನ್ಯಾಯಮಂಡಳಿ ಶುರುವಾಯ್ತು. ಹಾಸನದಿಂದ ಬೆಳಗಿನ ಬಸ್ಸು ಹತ್ತಿ ಬೆಂಗಳೂರಿಗೆ ಹೋಗಿ ಸಂಜೆ ವಾಪಸ್ ಬಂದ್ರೆ ಒಂದು ಸಿಎಲ್ (ಸಾಂದರ್ಭಿಕ ರಜೆ) ಖರ್ಚು, ಕೇಸು ಮುಂದಕ್ಕೆ ಹೋದ್ರೆ ಇನ್ನೊಂದು ಸಿಎಲ್. ಆದ್ರೂ ಹೋಗೋಕೆ ಒಂದು ಜಾಗ ಅಂತ ಇತ್ತು.

ಇದಿಷ್ಟು ಒಳಗಿದ್ದವರ ಕಥೆ. ಹೊರಗಿದ್ದವರದ್ದು ಇದೇ ಹೊತ್ತಲ್ಲಿ ಬೇರೆ ಥರ ನಡೀತಿತ್ತು.

ರಸ್ತೆ, ಕಾಲುವೆ, ಅಣೆಕಟ್ಟು, ಕಾಡು, ಎಲ್ಲಾ ಕಡೆ ದಿನಗೂಲಿ ಜನ ಬೇಕಿತ್ತು. ಮಸ್ಟರ್ ರೋಲಲ್ಲಿ ಹೆಸರು ಬರೆದು ವಾರಕ್ಕಿಷ್ಟು ಅಂತ ಕೊಡೋರು, ಹಾಗೇ ಹತ್ತು ಹದಿನೈದು ವರ್ಷ ಆಗೋಗೋದು. ನಮ್ಮ ರಾಜ್ಯದಲ್ಲಿ ಸರ್ಕಾರ 1984ರ ಜುಲೈ 1ನೇ ತಾರೀಕು ಅಂತ ಒಂದು ಗೆರೆ ಹಾಕ್ತು, ಅದರ ನಂತರ ದಿನಗೂಲಿ ತಗೋಬಾರದು ಅಂತ. ತಗೊಳ್ಳೋದು ನಿಲ್ಲಲಿಲ್ಲ. 1990ರಲ್ಲಿ ಧಾರವಾಡ ಜಿಲ್ಲೆ ಪಿಡಬ್ಲ್ಯೂಡಿ ದಿನಗೂಲಿ ನೌಕರರ ಕೇಸಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದ ಲೆಕ್ಕದ ಪ್ರಕಾರ ರಾಜ್ಯದಲ್ಲಿ ಸುಮಾರು 50,000 ಜನ ಹೀಗಿದ್ರು. ಕೋರ್ಟು ಒಂದು ಸ್ಕೀಮ್ ಮಾಡ್ತು, ಹತ್ತು ವರ್ಷ ತುಂಬಿದ 18,600 ಜನರನ್ನ 1990ರ ಜನವರಿ 1ರಿಂದಲೇ ಕಾಯಂ ಮಾಡಿ, ಉಳಿದವರನ್ನ ಹಂತ ಹಂತವಾಗಿ ಅಂತ. ನಮ್ಮ ಸಂಬಂಧಿಕರಲ್ಲೇ ಒಬ್ಬರು ರಸ್ತೆ ಗ್ಯಾಂಗಲ್ಲಿದ್ರು, ಆ ವರ್ಷ ಅವರ ಮನೇಲಿ ಹೋಳಿಗೆ ಮಾಡಿ ಊರಿಗೆಲ್ಲಾ ಹಂಚಿದ್ದು ನನಗೆ ಇನ್ನೂ ಕಣ್ಣಿಗೆ ಕಟ್ಟಿದಂಗಿದೆ.

ಆಮೇಲೆ 2006ರ ಏಪ್ರಿಲ್. ಹತ್ತೇ ದಿನದ ಅಂತರದಲ್ಲಿ ಎರಡು ಬಾಗಿಲು ಮುಚ್ಚಿದ್ವು. ಏಪ್ರಿಲ್ 1ರಿಂದ ಹೊಸದಾಗಿ ಸೇರೋರಿಗೆ ಹಳೇ ಪೆನ್ಶನ್ ಇಲ್ಲ, ಕಟ್ಟಿದ ಹಣವನ್ನ ಮಾರ್ಕೆಟಲ್ಲಿ ಹೂಡೋ ಎನ್‌ಪಿಎಸ್ ಅನ್ನೋ ಹೊಸ ಪೆನ್ಶನ್ ಯೋಜನೆ ಅಂತ ರಾಜ್ಯ ಸರ್ಕಾರ ಮಾಡ್ತು. ಪೆನ್ಶನ್ ಅನ್ನೋದು ಸರ್ಕಾರ ಕೊಡೋ ಭಿಕ್ಷೆ ಅಲ್ಲ, ದುಡಿದಿದ್ದಕ್ಕೆ ಸಿಗೋ ಹಕ್ಕು ಅಂತ 1982ರಲ್ಲಿ ನಕಾರಾ ಕೇಸಲ್ಲಿ ಸುಪ್ರೀಂ ಕೋರ್ಟೇ ಹೇಳಿತ್ತು, ಅದಾಗಿ 24 ವರ್ಷಕ್ಕೆ ಅದೇ ಪೆನ್ಶನ್ ಷೇರು ಮಾರ್ಕೆಟಿನ ಏರಿಳಿತಕ್ಕೆ ಸಿಕ್ಕಿತು. ಏಪ್ರಿಲ್ 10ಕ್ಕೆ ಉಮಾದೇವಿ ತೀರ್ಪು ಬಂತು. ಇದೂ ನಮ್ಮ ಕರ್ನಾಟಕದ್ದೇ, ವಾಣಿಜ್ಯ ತೆರಿಗೆ ಇಲಾಖೆಲಿ 1985-86ರಿಂದ ದಿನಗೂಲಿ ಮೇಲಿದ್ದವರ ಕೇಸು. ಐವರು ನ್ಯಾಯಾಧೀಶರ ಸಂವಿಧಾನ ಪೀಠ ಹೇಳಿದ್ದು: ಪರೀಕ್ಷೆ, ಜಾಹೀರಾತು, ಸ್ಪರ್ಧೆ ಇಲ್ಲದೆ ಒಳಗೆ ಬಂದವರನ್ನ ಕಾಯಂ ಮಾಡಿದ್ರೆ ಹೊರಗೆ ಕಾಯ್ತಿರೋ ಲಕ್ಷಾಂತರ ನಿರುದ್ಯೋಗಿಗಳಿಗೆ ಅನ್ಯಾಯ. ಮಂಜೂರಾದ ಹುದ್ದೆಲಿ ಹತ್ತು ವರ್ಷಕ್ಕೂ ಹೆಚ್ಚು ಕೋರ್ಟಿನ ಆದೇಶ ಇಲ್ಲದೇನೇ ದುಡಿದವರಿಗೆ ಮಾತ್ರ ಒಂದು ಸಲ ಅವಕಾಶ ಕೊಡಿ ಅಂತಲೂ ಹೇಳ್ತು.

ತೀರ್ಪಿನ ತರ್ಕ ನಾನು ತಳ್ಳಿಹಾಕಲ್ಲ. ಹಿಂಬಾಗಿಲಿಂದ ತಮ್ಮವರನ್ನ ಸೇರಿಸಿ ಆಮೇಲೆ ಕಾಯಂ ಮಾಡಿಸ್ಕೊಳ್ಳೋದನ್ನ ನಾನೇ ಕಣ್ಣಾರೆ ನೋಡಿದೀನಿ, ಪರೀಕ್ಷೆಗೆ ಓದ್ತಿರೋ ಹುಡುಗರಿಗೆ ಅದು ಮೋಸನೇ. ಆದ್ರೆ ಸರ್ಕಾರಗಳು ಆ ತೀರ್ಪಿನ ಅರ್ಧ ಮಾತ್ರ ಓದಿದ್ವು. ಸರಿಯಾದ ನೇಮಕಾತಿ ಮಾಡಿ ಅನ್ನೋದನ್ನ ಬಿಟ್ಟು ಕಾಯಂ ಮಾಡಬೇಡಿ ಅನ್ನೋದನ್ನ ಹಿಡ್ಕೊಂಡ್ವು. ರಾಜ್ಯದಲ್ಲಿ ಮಂಜೂರಾದ ಹುದ್ದೆಗಳಲ್ಲಿ ಎರಡೂವರೆ ಲಕ್ಷದಷ್ಟು ಖಾಲಿ ಇದ್ದಾವೆ, ಕೆಲಸ ಮಾತ್ರ ನಿಂತಿಲ್ಲ, ಅದನ್ನ ಮಾಡ್ತಿರೋದು ಏಜೆನ್ಸಿ ಮೂಲಕ ಬಂದವರು. ಹಳೇ ದಿನಗೂಲಿಯವರಿಗೆ 2012ರಲ್ಲಿ ಒಂದು ಕ್ಷೇಮಾಭಿವೃದ್ಧಿ ಕಾಯ್ದೆ ಬಂತು, 60 ವರ್ಷದ ತನಕ ಕೆಲಸ ಅಂತ ಆಯ್ತು. ಹೊರಗುತ್ತಿಗೆಯವರಿಗೆ ಅದೂ ಇಲ್ಲ.

ಈಗ ಧಿಂಗ್ರಾ ಕೇಸು ನೆನಪು ಮಾಡ್ಕೊಳ್ಳಿ. ಟೆಂಪರರಿ ಆದ್ರೂ ರಕ್ಷಣೆ ಉಂಟು ಅಂತಿತ್ತು, ಆದ್ರೆ ಅದು ಸಿಗೋದು ಸರ್ಕಾರದ ಕೆಳಗೆ ಹುದ್ದೆ ಹಿಡಿದವರಿಗೆ. ನಮ್ಮ ಬೀದಿ ಹುಡುಗಿ ಕಾಗದದ ಪ್ರಕಾರ ಸರ್ಕಾರದ ನೌಕರಳೇ ಅಲ್ಲ, ಅವಳ ಧಣಿ ಏಜೆನ್ಸಿ. ಸರ್ಕಾರಿ ಕಂಪ್ಯೂಟರು, ಸರ್ಕಾರಿ ಫೈಲು, ಸರ್ಕಾರಿ ಅಧಿಕಾರಿಯ ಆದೇಶ, ಹಾಸನಾಂಬ ದರ್ಶನದ ಟೈಮಲ್ಲಿ ರಾತ್ರಿ ಡ್ಯೂಟಿ ಹಾಕೋದೂ ಸರ್ಕಾರನೇ, ಆದ್ರೆ ಅವಳಿಗೆ ನೋಟಿಸ್ ಕೊಡಬೇಕಾದ ಬಾಧ್ಯತೆ ಮಾತ್ರ ಸರ್ಕಾರದ್ದಲ್ಲ. ಅವಳ ಪ್ರಶ್ನೆಗೆ ಉತ್ತರ ಇಲ್ಲಿದೆ.

ಕೋರ್ಟುಗಳಿಗೂ ಇದು ಕಾಣಿಸೋಕೆ ಶುರುವಾಗಿದೆ. 2016ರಲ್ಲಿ ಪಂಜಾಬಿನ ಜಗಜೀತ್ ಸಿಂಗ್ ಕೇಸಲ್ಲಿ ಒಂದೇ ಕೆಲಸಕ್ಕೆ ಟೆಂಪರರಿ ನೌಕರರಿಗೂ ಕಾಯಂನವರ ವೇತನ ಶ್ರೇಣಿಯ ಕನಿಷ್ಠ ಸಂಬಳ ಕೊಡಬೇಕು ಅಂತ ಆಯ್ತು. 2024ರ ಡಿಸೆಂಬರಲ್ಲಿ ಜಗ್ಗೋ ತೀರ್ಪು ಬಂತು, ಕೇಂದ್ರ ಜಲ ಆಯೋಗದ ಆಫೀಸಲ್ಲಿ ದಶಕಗಟ್ಟಲೆ ಕಸ ಗುಡಿಸಿ, ಗಿಡ ನೋಡ್ಕೊಂಡಿದ್ದವರ ಕೇಸು. ಉಮಾದೇವಿ ತೀರ್ಪನ್ನ ದುಡಿಯೋರ ವಿರುದ್ಧ ಗುರಾಣಿ ಮಾಡ್ಕೊಂಡಿದೀರಿ ಅನ್ನೋ ಅರ್ಥದಲ್ಲಿ ಕೋರ್ಟು ಸರ್ಕಾರಕ್ಕೆ ಬಿಸಿ ಮುಟ್ಟಿಸಿ, ಅವರನ್ನ ಕಾಯಂ ಮಾಡೋಕೆ ಹೇಳ್ತು.

ಸಂಘಟನೆ ಬಲ ಇರೋದೂ ಒಳಗಿನವರಿಗೇ. 2003ರಲ್ಲಿ ತಮಿಳುನಾಡಲ್ಲಿ ಲಕ್ಷಕ್ಕೂ ಹೆಚ್ಚು ನೌಕರರನ್ನ ಮುಷ್ಕರಕ್ಕೆ ವಜಾ ಮಾಡಿದಾಗ ಮುಷ್ಕರ ಮೂಲಭೂತ ಹಕ್ಕಲ್ಲ ಅಂತ ಸುಪ್ರೀಂ ಕೋರ್ಟು ಹೇಳಿದ್ರೂ, 2023ರ ಮಾರ್ಚ್ 1ಕ್ಕೆ ನಮ್ಮ ರಾಜ್ಯದ ನೌಕರರು ಕೆಲಸ ನಿಲ್ಲಿಸಿದ್ರು, ಅವತ್ತೇ 17 ಪರ್ಸೆಂಟ್ ಮಧ್ಯಂತರ ಪರಿಹಾರ, ಅಂದ್ರೆ ವೇತನ ಆಯೋಗದ ವರದಿಗೆ ಮುಂಚಿನ ತಾತ್ಕಾಲಿಕ ಸಂಬಳ ಏರಿಕೆ ಬಂತು. 2024ರ ಆಗಸ್ಟಿಂದ ಏಳನೇ ವೇತನ ಆಯೋಗ ಜಾರಿಯಾಗಿ ಕನಿಷ್ಠ ಮೂಲ ವೇತನ 17,000ದಿಂದ 27,000ಕ್ಕೆ ಹೋಯ್ತು. ನನ್ನ ಪೆನ್ಶನ್ನೂ ಏರಿತು, ಸಂತೋಷನೇ. ಅದೇ ದಿನ ಪಕ್ಕದ ಕುರ್ಚಿಲಿ ಕೂತಿದ್ದೋಳಿಗೆ ಒಂದು ರೂಪಾಯಿ ಹೆಚ್ಚಾಗಲಿಲ್ಲ. ನೌಕರರ ಸಭೆಗಳಲ್ಲಿ ಎನ್‌ಪಿಎಸ್ ರದ್ದು ಮಾಡಿ ಅಂತ ಕೂಗ್ತೀವಿ, ಕೂಗಬೇಕು, ಆದ್ರೆ ಹೊರಗುತ್ತಿಗೆಯವರ ಹೆಸರು ಬಂದ ತಕ್ಷಣ ಅದು ನಮ್ಮ ವಿಷಯ ಅಲ್ಲ ಅಂತ ಮೈಕ್ ಬೇರೆಯವರ ಕೈಗೆ ಹೋಗುತ್ತೆ. ಇದು ನನಗೆ ಬಹಳ ನೋವು ಕೊಡೋ ಸಂಗತಿ.

ಸುಧಾರಣೆ ಅಂದ್ರೆ 311 ತೆಗೆದುಹಾಕಿ, ಕೆಲಸ ಮಾಡದವರನ್ನ ಮನೆಗೆ ಕಳಿಸಿ ಅಂತ ಟಿವಿಲಿ ಮಾತಾಡೋರು ಇದ್ದಾರೆ. ಲಂಚ ತಿಂದವನು ಹತ್ತು ವರ್ಷ ಡಿಇ ಹೆಸರಲ್ಲಿ ಆರಾಮಾಗಿರೋದು ನೋಡಿದ್ರೆ ಆ ಸಿಟ್ಟು ನನಗೂ ಬರುತ್ತೆ. ಆದ್ರೆ ತಪ್ಪು ಇರೋದು ವಿಚಾರಣೆ ನಡೆಸೋ ವಿಳಂಬದಲ್ಲಿ, ವಿಚಾರಣೆ ಬೇಕು ಅನ್ನೋದ್ರಲ್ಲಲ್ಲ. ಡಿಇಗೆ ಕಾಲಮಿತಿ ಹಾಕಿ, ಅದನ್ನ ಮೀರಿದ ಅಧಿಕಾರಿ ಉತ್ತರ ಕೊಡೋ ಹಾಗೆ ಮಾಡಿ. ಖಾಲಿ ಹುದ್ದೆಗಳನ್ನ ಮೀಸಲಾತಿ ಸಮೇತ ಪರೀಕ್ಷೆ ಇಟ್ಟು ತುಂಬಿ, ಇಷ್ಟು ವರ್ಷ ದುಡಿದವರಿಗೆ ಅದರಲ್ಲಿ ವಯಸ್ಸಿನ ಸಡಿಲಿಕೆ, ಅನುಭವದ ಅಂಕ ಕೊಡಿ. ಅಲ್ಲಿವರೆಗೆ ಹೊರಗುತ್ತಿಗೆಯವರನ್ನ ತೆಗೆಯೋ ಮುಂಚೆ ಬರಹದಲ್ಲಿ ಕಾರಣ, ಉತ್ತರ ಕೊಡೋಕೆ ಒಂದು ವಾರ, ಕೇಳೋಕೆ ಒಬ್ಬ ಅಧಿಕಾರಿ, ಇಷ್ಟನ್ನ ಟೆಂಡರ್ ಷರತ್ತಲ್ಲೇ ಸೇರಿಸಬಹುದು, ಅದಕ್ಕೆ ಸಂವಿಧಾನ ತಿದ್ದುಪಡಿ ಬೇಕಾಗಿಲ್ಲ.

ಮೊನ್ನೆ ಅವಳಿಗೆ ಇದನ್ನೆಲ್ಲಾ ಹೇಳಿದೆ, ಕಾಫಿ ಕುಡೀತಾ ಪೂರ್ತಿ ಕೇಳಿದ್ಲು. ಆಮೇಲೆ ಬ್ಯಾಗಿಂದ ಮೂರು ಐಡಿ ಕಾರ್ಡ್ ತೆಗೆದು ಟೇಬಲ್ ಮೇಲಿಟ್ಲು, ಹನ್ನೊಂದು ವರ್ಷದಲ್ಲಿ ಬದಲಾದ ಮೂರು ಏಜೆನ್ಸಿಗಳದ್ದು. ಮೂರರಲ್ಲೂ ಕೆಲಸ ಮಾಡೋ ಜಾಗ ಒಂದೇ. ಸೇರಿದ ದಿನಾಂಕ ಮಾತ್ರ ಪ್ರತಿ ಸಲ ಹೊಸದು.