ಕ್ರೀ ಜನರ ಬೇಟೆ: ಹೆಬ್ಬಾತಿನಿಂದ ಶುರು ಮಾಡೋಣ

ಕ್ರೀ ಅಂದರೆ ಕೆನಡಾದ ಒಂದು ಮೂಲನಿವಾಸಿ ಜನಾಂಗ; ಅಲ್ಲಿ ಆಲ್ಬರ್ಟಾದಿಂದ ಕ್ವಿಬೆಕ್‌ವರೆಗೆ ಹರಡಿದ್ದಾರೆ. ಎಲ್ಲರನ್ನೂ ಒಂದೇ ಟಿಪ್ಪಣಿಗೆ ತುರುಕಿದರೆ ತಲೆ ಕೆಡುತ್ತದೆ. ಅದಕ್ಕೇ ಕ್ವಿಬೆಕ್ ಕಡೆಯ, ಜೇಮ್ಸ್ ಕೊಲ್ಲಿಯ ಪೂರ್ವ ದಂಡೆಯವರನ್ನಷ್ಟೇ ತೆಗೆದುಕೊಂಡಿದ್ದೇನೆ. ತಮ್ಮ ನೆಲವನ್ನು ಅವರು ಈಯೂ ಇಸ್ಚೀ ಅನ್ನುತ್ತಾರೆ.

ಚಳಿಗಾಲ ಕಳೆದು ಹಿಮ ಕರಗುವಾಗ ಕೆನಡಾ ಹೆಬ್ಬಾತುಗಳು ದಕ್ಷಿಣದಿಂದ ವಾಪಸ್ ಬರುತ್ತವೆ. ಆಗ ಶಾಲೆಗೂ ರಜೆ! ‘ಗೂಸ್ ಬ್ರೇಕ್’ ಅಂತಲೇ ಅದರ ಹೆಸರು. ಮನೆಮಂದಿಯೆಲ್ಲ ಕಾಡಿನ ಬಿಡಾರ ಸೇರುತ್ತಾರೆ.

ಹಾಗಂತ ಸುಮ್ನೆ ಕಂಡಕಂಡಲ್ಲಿ ಗುಂಡು ಹಾರಿಸುವಂತಿಲ್ಲ. ಗಾಳಿ ಇಲ್ಲದ ದಿನ ಬೇಟೆ ಬೇಡ. ಯಾಕೆ? ಗಾಳಿ ಬೀಸುತ್ತಿದ್ದರೆ ಬಂದೂಕಿನ ಸದ್ದು ಅದರಲ್ಲೇ ಅಡಗುತ್ತದೆ. ಇಲ್ಲದಿದ್ದರೆ ದೂರದಲ್ಲಿ ಮೇಯುತ್ತಿರುವ ಹಿಂಡೂ ಬೆದರುತ್ತದೆ. ಕತ್ತಲಾದ ಮೇಲೂ ಹೊಡೆಯಬಾರದು. ಒಂದು ಜಾಗದಲ್ಲಿ ಬೇಟೆಯಾಡಿದರೆ ಆಮೇಲೆ ಆ ಜಾಗಕ್ಕೆ ಬಿಡುವು. ಎಲ್ಲಿ, ಯಾವಾಗ ಅಂತ ತೀರ್ಮಾನಿಸುವುದು ಅನುಭವಿ ಹಿರಿಯ.

ಅಡುಗೆ ನೋಡಿ. ಪುಕ್ಕ ತೆಗೆದ ಹಕ್ಕಿಯನ್ನು ಹುರಿಗೆ ಕಟ್ಟಿ ಬೆಂಕಿಯ ಪಕ್ಕ ತೂಗಿಬಿಡುತ್ತಾರೆ. ಹುರಿಯನ್ನು ತಿರುಚಿ ಬಿಟ್ಟರೆ ಸಾಕು, ಹಕ್ಕಿ ಗಿರಗಿರ ಸುತ್ತುತ್ತಾ ಎಲ್ಲ ಕಡೆ ಬೇಯುತ್ತದೆ. ನೆಣ ಕೆಳಗಿಟ್ಟ ಪಾತ್ರೆಗೆ ತೊಟ್ಟಿಕ್ಕುತ್ತದೆ.

ಪ್ರಾಣಿ ತಾನಾಗಿ ಬೇಟೆಗಾರನಿಗೆ ಒಲಿದು ಬರುತ್ತದೆ ಅನ್ನುವುದು ಅವರ ತಿಳಿವಳಿಕೆ. ಅವಮಾನ ಮಾಡಿದರೆ ಮತ್ತೆ ಬರುವುದಿಲ್ಲ. ಬೀವರ್ (ನೀರಲ್ಲಿ ಗೂಡು ಕಟ್ಟುವ, ದಟ್ಟ ತುಪ್ಪಳದ ಪ್ರಾಣಿ) ಮೂಳೆಯನ್ನು ನಾಯಿಗೆ ಹಾಕದೆ ನೀರಿಗೆ ಬಿಡುತ್ತಾರೆ. ಕರಡಿಯ ತಲೆಬುರುಡೆಯನ್ನು ಮರಕ್ಕೆ ಕಟ್ಟುತ್ತಾರೆ. ನಾನು ಮೊದಲು ಇದನ್ನು ‘ನಂಬಿಕೆ’ ಅಂತ ಒಂದು ಪುಟದಲ್ಲಿ, ಗಾಳಿಯ ಮಾತನ್ನು ‘ನಿರ್ವಹಣೆ’ ಅಂತ ಇನ್ನೊಂದು ಪುಟದಲ್ಲಿ ಬರೆದಿಟ್ಟಿದ್ದೆ. ಆಮೇಲೆ ಆ ವಿಂಗಡಣೆಯನ್ನೇ ಅಳಿಸಿಹಾಕಿದೆ. ಹಿಂಡನ್ನು ಬೆದರಿಸದಿರುವುದು, ಮೂಳೆಯನ್ನು ನಾಯಿಗೆ ಎಸೆಯದಿರುವುದು, ಎರಡೂ ಪ್ರಾಣಿಗೆ ಕೊಡುವ ಮರ್ಯಾದೆಯೇ ಅಲ್ವಾ?

ಟ್ರ್ಯಾಪ್‌ಲೈನ್, ಅಂದರೆ ಒಬ್ಬೊಬ್ಬ ಹಿರಿಯನ ಉಸ್ತುವಾರಿಯಲ್ಲಿರುವ ಬೇಟೆನೆಲ, ಸರ್ಕಾರವೇ ಹುಟ್ಟುಹಾಕಿದ್ದು ಅಂತ ತಿಳಿದು ಜಾಸ್ತಿ ಜನ ಎಡವುತ್ತಾರೆ. ತುಪ್ಪಳದ ಆಸೆಗೆ ಹೊರಗಿನವರೂ ನುಗ್ಗಿ, 1930ರ ಹೊತ್ತಿಗೆ ಬೀವರ್ ಬಹುತೇಕ ಖಾಲಿಯಾಗಿತ್ತು. ಆಮೇಲೆ ಸರ್ಕಾರ ಬೀವರ್ ಮೀಸಲು ಪ್ರದೇಶಗಳನ್ನು ಮಾಡಿ ಗಡಿ ಎಳೆಯಿತು. ಆದರೆ ಆ ಗಡಿಗಳು ಬಹುಮಟ್ಟಿಗೆ ಮನೆತನಗಳ ಹಳೆಯ ಬೇಟೆನೆಲಗಳನ್ನೇ ಹಿಡಿದು ಬಂದವು. ಉಸ್ತುವಾರಿ ಹಿರಿಯನಿಗೆ ‘ಟ್ಯಾಲಿಮನ್’ ಅಂತ ಹೆಸರು ಬಿತ್ತು, ಬೀವರ್ ಗೂಡುಗಳ ಲೆಕ್ಕ ಕೊಡುತ್ತಿದ್ದದ್ದರಿಂದ.

1971ರಲ್ಲಿ ಇಲ್ಲಿನ ನದಿಗಳಿಗೆ ದೊಡ್ಡ ಜಲವಿದ್ಯುತ್ ಯೋಜನೆ ಬಂತು. ಕ್ರೀಗಳು ಕೋರ್ಟಿಗೆ ಹೋದರು. 1975ರಲ್ಲಿ ಒಪ್ಪಂದವಾಯಿತು. ಅದರಿಂದ ಬಂದ ಒಂದು ಯೋಜನೆಯಲ್ಲಿ ಬೇಟೆಯನ್ನೇ ನಂಬಿದ ಕುಟುಂಬಗಳಿಗೆ ಹಣ ಸಿಗುತ್ತದೆ. ಎಷ್ಟು ಮಾಂಸ ತಂದರು ಅಂತ ಕೇಳುವುದಿಲ್ಲ, ಕಾಡಿನಲ್ಲಿ ಎಷ್ಟು ದಿನ ಇದ್ದರು ಅಂತ ಎಣಿಸುತ್ತಾರೆ.