ಕಾಲ ಸ್ಫಟಿಕವು ನಿತ್ಯಚಲನ ಯಂತ್ರವೇ?

ಪ್ರಶ್ನೆ: ಕಾಲ ಸ್ಫಟಿಕ (ಟೈಮ್ ಕ್ರಿಸ್ಟಲ್) ಎಂಬುದನ್ನು ಪ್ರಯೋಗಾಲಯದಲ್ಲಿ ರೂಪಿಸಿದ್ದಾರೆಂದೂ ಅದು ಶಕ್ತಿಯನ್ನು ಖರ್ಚು ಮಾಡದೆ ಸದಾ ಮಿಡಿಯುತ್ತಿರುತ್ತದೆಂದೂ ಓದಿದೆ. ಹಾಗಾದರೆ ಅದು ನಿತ್ಯಚಲನ ಯಂತ್ರವೇ ಆಯಿತಲ್ಲವೇ?

ಉತ್ತರ: ಅಲ್ಲ. ಅದರಿಂದ ಒಂದು ಪುಟ್ಟ ದೀಪವನ್ನೂ ಉರಿಸಲಾಗದು. ಆದರೂ ಈ ಅನುಮಾನಕ್ಕೆ ಪತ್ರಿಕೆಗಳ ತಲೆಬರಹಗಳನ್ನಷ್ಟೇ ದೂರಿ ಪ್ರಯೋಜನವಿಲ್ಲ; ಈ ಕಲ್ಪನೆ ಹುಟ್ಟಿದಾಗ ಭೌತವಿಜ್ಞಾನಿಗಳಿಗೂ ಅದೇ ಅನುಮಾನ ಬಂದಿತ್ತು.

ಗಟ್ಟಿ ಸಕ್ಕರೆ ಪಾಕದಲ್ಲಿ ದಾರ ಇಳಿಬಿಟ್ಟು ಕೆಲವು ದಿನ ಅಲುಗಿಸದೆ ಇಟ್ಟರೆ ದಾರದ ಸುತ್ತ ಕಲ್ಲುಸಕ್ಕರೆ ಕಟ್ಟುತ್ತದೆ. ಪಾಕದಲ್ಲಿದ್ದಾಗ ಸಕ್ಕರೆಯ ಅಣುವಿಗೆ ಎಲ್ಲ ಜಾಗವೂ ಒಂದೇ ಆಗಿತ್ತು. ಹರಳುಗಟ್ಟಿದ ಮೇಲೆ ಅಣುಗಳು ಇಂತಿಷ್ಟೇ ಅಂತರದಲ್ಲಿ, ಇಂತಹದ್ದೇ ಸಾಲಿನಲ್ಲಿ ಕೂರುತ್ತವೆ. ಪ್ರಕೃತಿಯ ನಿಯಮಗಳು ಯಾವ ಜಾಗಕ್ಕೂ ಪಕ್ಷಪಾತ ತೋರದಿದ್ದರೂ ಹರಳು ತಾನಾಗಿ ಕೆಲವು ಜಾಗಗಳನ್ನು ಆರಿಸಿಕೊಳ್ಳುತ್ತದೆ. ಆ ನಿಯಮಗಳು ಯಾವ ಕ್ಷಣಕ್ಕೂ ಪಕ್ಷಪಾತ ತೋರುವುದಿಲ್ಲ; ಹಾಗಿರುವಾಗ ಜಾಗದಲ್ಲಿ ಆಗುವುದು ಕಾಲದಲ್ಲಿ ಏಕೆ ಆಗಬಾರದು ಎಂದು ನೊಬೆಲ್ ಪುರಸ್ಕೃತ ಫ್ರಾಂಕ್ ವಿಲ್ಚೆಕ್ 2012ರಲ್ಲಿ ಕೇಳಿದರು. ಅತ್ಯಂತ ಕಡಿಮೆ ಶಕ್ತಿಯ ಸ್ಥಿತಿಯಲ್ಲಿದ್ದುಕೊಂಡೇ, ಹೊರಗಿನಿಂದ ಯಾರೂ ತಟ್ಟದೆ, ಒಂದು ವಸ್ತು ನಿಗದಿತ ಲಯದಲ್ಲಿ ಚಲಿಸುತ್ತಿರಬಹುದೇ ಎಂಬುದು ಆ ಪ್ರಶ್ನೆಯ ತಿರುಳು.

ತನ್ನಷ್ಟಕ್ಕೆ ತಿರುಗುವ ಯಂತ್ರದ ಆಸೆ ನಮ್ಮಲ್ಲೂ ಹಳೆಯದು; 12ನೆಯ ಶತಮಾನದ ಭಾಸ್ಕರಾಚಾರ್ಯನು ಟೊಳ್ಳು ಅರೆಗಳಲ್ಲಿ ಅರ್ಧದಷ್ಟು ಪಾದರಸ ತುಂಬಿದ ಚಕ್ರವೊಂದು ತಾನೇ ತಿರುಗುತ್ತದೆಂದು ಬರೆದಿದ್ದನು. ಅದು ತಿರುಗುವುದಿಲ್ಲ. ವಿಲ್ಚೆಕ್ ಅವರ ಮೂಲ ರೂಪದ ಕಾಲ ಸ್ಫಟಿಕದ ಕಲ್ಪನೆಯೂ ಉಳಿಯಲಿಲ್ಲ: ಸಮತೋಲ ಸ್ಥಿತಿಯಲ್ಲಿರುವ, ಅಂದರೆ ಹೊರಗಿನ ಪ್ರಚೋದನೆಯಿಲ್ಲದೆ ನೆಲೆಗೊಂಡ ವಸ್ತುವಿನಲ್ಲಿ ಅಂಥ ಲಯ ಅಸಾಧ್ಯವೆಂದು ಹರುಕಿ ವತನಬೆ ಮತ್ತು ಮಸಾಕಿ ಓಶಿಕಾವ 2015ರಲ್ಲಿ ಗಣಿತದಿಂದ ತೋರಿಸಿದರು.

ಉಳಿದದ್ದು ಸಮತೋಲದಲ್ಲಿಲ್ಲದ, ಹೊರಗಿನಿಂದ ಲಯಬದ್ಧವಾಗಿ ತಟ್ಟಿಸಿಕೊಳ್ಳುವ ವಸ್ತುಗಳ ದಾರಿ. ನಾಗರ ಪಂಚಮಿಯ ಜೋಕಾಲಿಯಲ್ಲಿ ನಿಂತು ಜೀಕುವವರನ್ನು ಗಮನಿಸಿದರೆ ಇದರ ಸುಳಿವು ಸಿಗುತ್ತದೆ. ಜೋಕಾಲಿ ಒಮ್ಮೆ ಹೋಗಿ ಬರುವಷ್ಟರಲ್ಲಿ ಜೀಕುವವರು ಎರಡು ಸಲ ಕುಕ್ಕರಿಸಿ ಏಳುತ್ತಾರೆ, ಅಂದರೆ ಎರಡು ಪ್ರಚೋದನೆಗೆ ಒಂದೇ ತೂಗು. ಆದರೆ ಜೋಕಾಲಿ ಕಾಲ ಸ್ಫಟಿಕವಲ್ಲ, ಏಕೆಂದರೆ ಕುಕ್ಕರಿಸುವ ಹೊತ್ತು ತಪ್ಪಿದರೆ ಜೀಕು ಕೆಟ್ಟು ತೂಗು ಕುಗ್ಗುತ್ತದೆ. ಕಾಲ ಸ್ಫಟಿಕದ ಹೆಚ್ಚುಗಾರಿಕೆ ಇರುವುದು ತಪ್ಪನ್ನು ತಾಳಿಕೊಳ್ಳುವುದರಲ್ಲಿ.

ಅಯಾನುಗಳ (ವಿದ್ಯುದಾವೇಶವುಳ್ಳ ಪರಮಾಣುಗಳ) ಒಂದು ಸಾಲನ್ನು ಊಹಿಸಿಕೊಳ್ಳಿ. ಪ್ರತಿಯೊಂದರ ಸ್ಪಿನ್ನನ್ನು (ಅದನ್ನು ಪುಟ್ಟ ಅಯಸ್ಕಾಂತದಂತಾಗಿಸುವ ಗುಣವನ್ನು) ಮೇಲೆ ಅಥವಾ ಕೆಳಗೆ ಮುಖಮಾಡಿದ ಸಣ್ಣ ಸೂಜಿ ಎಂದುಕೊಳ್ಳೋಣ. ಲೇಸರಿನ ಒಂದು ಮಿಡಿತ ಸೂಜಿಯನ್ನು 180 ಡಿಗ್ರಿ ತಿರುಗಿಸಿದರೆ ಎರಡು ಮಿಡಿತಕ್ಕೆ ಅದು ಮೊದಲಿನಂತಾಗುತ್ತದೆ, ಇದರಲ್ಲಿ ಸೋಜಿಗವೇನಿಲ್ಲ. ಈಗ ಬೇಕೆಂದೇ ಲೇಸರನ್ನು ಕೆಡಿಸಿ, ಸೂಜಿ 170 ಡಿಗ್ರಿ ಮಾತ್ರ ತಿರುಗುವಂತೆ ಮಾಡೋಣ. ಮಿಡಿತಕ್ಕೆ 10 ಡಿಗ್ರಿಯಂತೆ ತಪ್ಪು ಕೂಡುತ್ತ ಹೋಗಿ, 18 ಮಿಡಿತಗಳಾಗುವಷ್ಟರಲ್ಲಿ ಒಂಟಿ ಸೂಜಿ ಇರಬೇಕಾದ ದಿಕ್ಕಿಗೆ ಪೂರ್ತಿ ವಿರುದ್ಧವಾಗಿ ನಿಂತಿರುತ್ತದೆ. ಆದರೆ ಅಕ್ಕಪಕ್ಕದ ಸೂಜಿಗಳು ಒಂದನ್ನೊಂದು ಪ್ರಭಾವಿಸುವಂತಿದ್ದರೆ, ತಪ್ಪು ಒಂದು ಮಿತಿಯೊಳಗಿರುವವರೆಗೆ ಅವು ಪರಸ್ಪರ ತಿದ್ದಿಕೊಂಡು ಎರಡಕ್ಕೊಂದರ ಲಯವನ್ನು ಬಿಡುವುದಿಲ್ಲ. ಕಲ್ಲುಸಕ್ಕರೆಯನ್ನು ಮೆಲ್ಲಗೆ ತಟ್ಟಿದರೆ ಅಣುಗಳ ಸಾಲು ಕದಲದಿರುವ ಗಟ್ಟಿತನವೇ ಇಲ್ಲಿ ಕಾಲದಲ್ಲಿ ಕಾಣಿಸಿಕೊಳ್ಳುತ್ತದೆ. ‘ಸ್ಫಟಿಕ’ ಎಂಬ ಹೆಸರು ನನಗೆ ಒಪ್ಪಿಗೆಯಾಗುವುದು ಈ ಕಾರಣಕ್ಕೆ. ಹರಳುಗಟ್ಟಿದ್ದು ಕಾಲವಲ್ಲ, ಕಾಲದಲ್ಲಿ ವಸ್ತು ನಡೆದುಕೊಳ್ಳುವ ರೀತಿ.

2017ರ ಮಾರ್ಚಿನಲ್ಲಿ ಎರಡು ತಂಡಗಳ ಫಲಿತಾಂಶಗಳು ಒಟ್ಟಿಗೆ ಪ್ರಕಟವಾದವು. ಮೇರಿಲ್ಯಾಂಡ್ ವಿಶ್ವವಿದ್ಯಾಲಯದಲ್ಲಿ ಕ್ರಿಸ್ ಮನ್ರೋ ಅವರ ತಂಡ ಯಟರ್ಬಿಯಮ್‌ನ 10 ಅಯಾನುಗಳ ಸಾಲಿನಲ್ಲಿ ಈ ಲಯವನ್ನು ಕಂಡಿತು. ಹಾರ್ವರ್ಡ್‌ನಲ್ಲಿ ಮಿಖಾಯಿಲ್ ಲೂಕಿನ್ ಅವರ ತಂಡ ನೈಟ್ರೋಜನ್ ಸೇರಿದ ವಜ್ರದಲ್ಲಿ ಕಂಡಿತು, ಎರಡಕ್ಕೊಂದರ ಜೊತೆಗೆ ಮೂರಕ್ಕೊಂದರ ಲಯವೂ ಅಲ್ಲಿ ಸಿಕ್ಕಿತು. 2021ರಲ್ಲಿ ಗೂಗಲ್‌ನ ಕ್ವಾಂಟಮ್ ಕಂಪ್ಯೂಟರಿನ ಮೂಲ ಘಟಕಗಳಾದ 20 ಕ್ಯೂಬಿಟ್‌ಗಳ ಮೇಲೂ ಅದನ್ನು ತೋರಿಸಲಾಯಿತು.

ಇನ್ನು ಶಕ್ತಿಯ ಲೆಕ್ಕ. ಒಂದೇ ಸಮನೆ ತಟ್ಟಿಸಿಕೊಳ್ಳುವ ವಸ್ತು ಸಾಮಾನ್ಯವಾಗಿ ಶಕ್ತಿಯನ್ನು ಹೀರಿ ಬಿಸಿಯಾಗುತ್ತದೆ, ಬಿಸಿಯಾದಂತೆ ಲಯ ಕರಗುತ್ತದೆ. ಇದನ್ನು ತಡೆಯಲೆಂದೇ ಮೇರಿಲ್ಯಾಂಡಿನವರು ಒಂದೊಂದು ಅಯಾನಿಗೆ ಒಂದೊಂದು ಬಗೆಯ ಅಡ್ಡಿ ಒಡ್ಡಿ, ಸಾಲಿನಲ್ಲಿ ಬೇಕೆಂದೇ ಅಸ್ತವ್ಯಸ್ತತೆ ತಂದರು. ಆಗ ಶಕ್ತಿ ಸಾಲಿನುದ್ದಕ್ಕೂ ಹರಡಲು ದಾರಿ ಸಿಗುವುದಿಲ್ಲ. ‘ಶಕ್ತಿ ಖರ್ಚಾಗುವುದಿಲ್ಲ’ ಎಂಬ ಮಾತಿನ ಮೂಲ ಇಲ್ಲಿದೆ. ಲೇಸರ್ ಓಡುತ್ತಲೇ ಇರುತ್ತದೆ, ಅದರ ವಿದ್ಯುತ್ತಿಗೆ ಬಿಲ್ಲೂ ಬರುತ್ತದೆ. ಆದರೆ ಆದರ್ಶ ಸ್ಥಿತಿಯಲ್ಲಿ ಅಯಾನುಗಳು ಅದರಿಂದ ಶಕ್ತಿಯನ್ನು ಕೂಡಿಟ್ಟುಕೊಳ್ಳುವುದಿಲ್ಲ. ಕೂಡಿಡದ್ದನ್ನು ಹೊರತೆಗೆದು ಕೆಲಸ ಮಾಡಿಸುವ ಮಾತೇ ಇಲ್ಲ.

2024ರಲ್ಲಿ ಜರ್ಮನಿಯ ಡಾರ್ಟ್‌ಮಂಡ್‌ನ ತಂಡವೊಂದು ಇಂಡಿಯಮ್ ಗ್ಯಾಲಿಯಮ್ ಆರ್ಸೆನೈಡ್ ಹರಳಿನಲ್ಲಿ ಕಾಲ ಸ್ಫಟಿಕವನ್ನು ಕನಿಷ್ಠ 40 ನಿಮಿಷ ಉಳಿಸಿತು. ಅಲ್ಲಿ ತಟ್ಟುವ ಲಯವೂ ಇರಲಿಲ್ಲ; ಬೆಳಕು ಒಂದೇ ಸಮನೆ ಬೀಳುತ್ತಿತ್ತು, ಹರಳು ತಾನಾಗಿ ಸುಮಾರು 7 ಸೆಕೆಂಡಿಗೊಮ್ಮೆ ಮಿಡಿಯುತ್ತಿತ್ತು. ಆ ಮಿಡಿತವೂ ಬೆಳಕು ಬೀಳುತ್ತಿರುವವರೆಗೆ ಮಾತ್ರ.