ಎರಡು ಸಲ ಬೋರ್ಡೋ ಹೊಡೆದರೂ ಅಡಿಕೆಗೆ ಕೊಳೆ ಬಂತು, ಯಾಕೆ?

ಪ್ರಶ್ನೆ: ನಮ್ಮದು ಮಲೆನಾಡಿನಲ್ಲಿ ಎರಡು ಎಕರೆ ಅಡಿಕೆ ತೋಟ. ಜೂನ್ ಮಧ್ಯದಲ್ಲಿ ಒಂದು ಸಲ, ಆಗಸ್ಟ್‌ನಲ್ಲಿ ಇನ್ನೊಂದು ಸಲ ಬೋರ್ಡೋ ಹೊಡೆಸಿದೆವು. ಆದರೂ ಕೊಳೆರೋಗ ಬಂದು ತುಂಬಾ ಅಡಿಕೆ ಉದುರಿತು. ಬೋರ್ಡೋ ಈಗ ಕೆಲಸ ಮಾಡುವುದಿಲ್ಲವೇ?

ಉತ್ತರ: ಮಾಡುತ್ತದೆ. ಮಳೆಗಾಲ ಬಂತೆಂದರೆ ಇದೇ ಪ್ರಶ್ನೆ ಮತ್ತೆ ಮತ್ತೆ ಬರುತ್ತದೆ. ವರ್ಷದ ಅನ್ನ ಕಣ್ಣೆದುರೇ ಕೊಳೆತು ಬೀಳುವಾಗ ಔಷಧಿಯ ಮೇಲೆ ಸಿಟ್ಟು ಬರುವುದು ಸಹಜ. ಆದರೆ ನಿಮ್ಮ ಪತ್ರದಲ್ಲಿರುವ ಎರಡು ತಿಂಗಳ ಹೆಸರಲ್ಲೇ ಅರ್ಧ ಉತ್ತರ ಇದೆ.

ಮೈಲುತುತ್ತ (ತಾಮ್ರದ ಸಲ್ಫೇಟ್) ಮತ್ತು ಸುಣ್ಣ ಕಲಸಿದ ಬೋರ್ಡೋವನ್ನು ನಾವು ಔಷಧಿ ಅಂತ ಕರೆಯುತ್ತೇವೆ. ಅದರ ಕೆಲಸ ಮಾತ್ರ ಕಂಬಳಿಕೊಪ್ಪೆಯದ್ದು. ಮಳೆಗೆ ಇಳಿಯುವ ಮುಂಚೆ ಹಾಕಿಕೊಂಡರೆ ಮೈ ಒದ್ದೆಯಾಗುವುದಿಲ್ಲ. ತೊಯ್ದ ಮೇಲೆ ಹಾಕಿಕೊಂಡರೆ ಮೈ ಒಣಗುವುದೂ ಇಲ್ಲ. ಕೊಳೆ ತರುವ ಜೀವಿಯ ಹೆಸರು ಫೈಟಾಫ್ತೊರಾ. ನೋಡಲು ಶಿಲೀಂಧ್ರದ ಹಾಗಿದ್ದರೂ ಇದರ ಬೀಜಾಣುಗಳು ನೀರಿನಲ್ಲಿ ಈಜುತ್ತವೆ. ಅಡಿಕೆಯ ಮೇಲೆ ನಿಂತ ಮಳೆನೀರಿನ ತೆಳು ಪದರವೇ ಅವಕ್ಕೆ ಸಾಕು. ಆ ಸಿಪ್ಪೆಯ ಮೇಲೆ ಮೊದಲೇ ತಾಮ್ರ ಕೂತಿದ್ದರೆ ಬೀಜಾಣು ಅಲ್ಲೇ ಸಾಯುತ್ತದೆ. ಒಮ್ಮೆ ಒಳಗೆ ಹೊಕ್ಕ ಮೇಲೆ ಹೊರಗಿನ ತಾಮ್ರ ಏನೂ ಮಾಡಲಾರದು.

ಹಾಗಾಗಿ ಮೊದಲ ಸಿಂಪಡಣೆ ಮೃಗಶಿರ ಮಳೆ ಹಿಡಿಯುವ ಮುಂಚೆಯೇ ಮುಗಿಯಬೇಕು. ಮೇ ಕೊನೆ, ತಪ್ಪಿದರೆ ಜೂನ್ ಮೊದಲ ದಿನಗಳು. ಎರಡನೆಯದು ಅಲ್ಲಿಂದ 40–45 ದಿನಕ್ಕೆ, ಅಂದರೆ ಪುನರ್ವಸು ಮಳೆಯ ಹೊತ್ತಿಗೆ. ನಿಮ್ಮಲ್ಲಿ ಮೊದಲನೆಯದೇ ತಡ. ಎರಡರ ನಡುವಿನ ಅಂತರವೂ ಜಾಸ್ತಿ. ಇಲ್ಲಿ ಮಳೆ ತೊಳೆಯುವುದಷ್ಟೇ ಅಲ್ಲ, ಅಡಿಕೆ ದಿನದಿನಕ್ಕೂ ದಪ್ಪವಾಗುತ್ತಿರುತ್ತದೆ. ಹೊಸದಾಗಿ ಬೆಳೆದ ಸಿಪ್ಪೆಯ ಮೇಲೆ ತಾಮ್ರ ಇರುವುದಿಲ್ಲ. ಜುಲೈನಲ್ಲಿ ಹೊಳವು (ಮಳೆಯ ಬಿಡುವು) ಸಿಗುವುದಿಲ್ಲ, ಮರ ಹತ್ತಿ ಔಷಧಿ ಹೊಡೆಯುವ ಕೊನೆಗೌಡರೂ ಸಿಗುವುದಿಲ್ಲ, ನಿಜ. ಆದರೂ ನಾಲ್ಕು ಗಂಟೆ ಹೊತ್ತು ಬಿಸಿಲು ಬಿದ್ದರೆ ಬಿಡಬೇಡಿ. ಆಗಸ್ಟ್ ಕಳೆದರೂ ಮಳೆ ಹಿಡಿದೇ ಇದ್ದರೆ ಮೂರನೆಯ ಸಲವೂ ಬೇಕು.

ಇನ್ನು ಮಿಶ್ರಣ. ಶೇಕಡಾ 1ರ ಬೋರ್ಡೋಗೆ ಲೆಕ್ಕ ಸುಲಭ: 100 ಲೀಟರ್ ನೀರಿಗೆ 1 ಕಿಲೋ ಮೈಲುತುತ್ತ, 1 ಕಿಲೋ ಸುಣ್ಣ. ಎಡವುವುದು ಸುಣ್ಣದಲ್ಲಿ. ಕಳೆದ ವರ್ಷ ಉಳಿದ, ಗಾಳಿಯಾಡಿ ಪುಡಿಯಾದ ಸುಣ್ಣಕ್ಕೆ ಖಾರ ಇರುವುದಿಲ್ಲ. ನೀರು ಹಾಕಿದ ಕೂಡಲೇ ಕುದಿದು ಬಿಸಿಯಾಗುವ ಹೊಸ ಸುಟ್ಟ ಸುಣ್ಣವೇ ಆಗಬೇಕು. ಎರಡನ್ನೂ ಬೇರೆ ಬೇರೆ ಕರಗಿಸಿ, ಸುಣ್ಣದ ನೀರನ್ನು ಸೋಸಿ, ಮೈಲುತುತ್ತದ ನೀರನ್ನು ಅದಕ್ಕೆ ನಿಧಾನವಾಗಿ ಸುರಿಯುತ್ತಾ ಕೋಲಿನಿಂದ ತಿರುಗಿಸಿ. ಸುಣ್ಣವನ್ನು ತುತ್ತಕ್ಕೆ ಸುರಿಯುವುದಲ್ಲ. ಪಾತ್ರೆ ಪ್ಲಾಸ್ಟಿಕ್ ಅಥವಾ ಮರದ್ದಿರಲಿ.

ಆಮೇಲೆ ಕತ್ತಿ ಪರೀಕ್ಷೆ. ಉಜ್ಜಿ ಹೊಳಪು ಮಾಡಿದ ಕಬ್ಬಿಣದ ಕತ್ತಿಯ ತುದಿಯನ್ನು ಒಂದೆರಡು ನಿಮಿಷ ಮಿಶ್ರಣದಲ್ಲಿ ಅದ್ದಿ ತೆಗೆಯಿರಿ. ಅಲಗಿನ ಮೇಲೆ ಇಟ್ಟಿಗೆ ಬಣ್ಣದ ಕೆಂಪು ಕೂತಿದ್ದರೆ ಸುಣ್ಣ ಸಾಲದು ಎಂದರ್ಥ. ಕೂತದ್ದು ತಾಮ್ರವೇ. ಅದೇ ಕಾರಣಕ್ಕೆ ಕಬ್ಬಿಣದ ಡ್ರಮ್ಮಿನಲ್ಲಿ ಕಲಸಬಾರದು. ಕೆಂಪು ಕಾಣದಾಗುವ ತನಕ ಸುಣ್ಣದ ನೀರು ಸೇರಿಸುತ್ತಾ ಹೋಗಿ. ಎರಡು ನಿಮಿಷದ ಈ ಕೆಲಸವನ್ನು ಎಷ್ಟೋ ತೋಟಗಳಲ್ಲಿ ಮಾಡುವುದೇ ಇಲ್ಲ ಎಂಬುದು ನನ್ನ ದೊಡ್ಡ ಬೇಸರ. ಕಲಸಿದ್ದನ್ನು ಅವತ್ತೇ ಮುಗಿಸಿ. ಮರುದಿನಕ್ಕೆ ಅದು ಗಸಿ ಕಟ್ಟುತ್ತದೆ, ಕೊನೆಗೆ (ಅಡಿಕೆ ಗೊಂಚಲಿಗೆ) ಅಂಟುವುದಿಲ್ಲ.

ಹೊಡೆಯುವವರಿಗೆ ಕೊನೆಯ ಹಿಂಬದಿಯೂ ನೆನೆಯಬೇಕೆಂದು ಹೇಳಿ. ಕೆಳಗೆ ನಿಂತು ದೋಟಿಯಲ್ಲಿ (ಉದ್ದ ಕೋಲಿನಲ್ಲಿ) ಹೊಡೆಯುವಾಗ ತಪ್ಪುವುದು ಅದೇ ಜಾಗ.

ಈ ರೋಗದ ಬೆನ್ನು ಹತ್ತಿದವರಲ್ಲಿ ಲೆಸ್ಲಿ ಕೋಲ್ಮನ್ ಹೆಸರು ನೆನೆಯಲೇಬೇಕು. ಕೆನಡಾದವರು. 1908ರಲ್ಲಿ ಮೈಸೂರು ಸಂಸ್ಥಾನದ ಕೆಲಸಕ್ಕೆ ಬಂದು, ಮಲೆನಾಡಿನ ಅಡಿಕೆ ಕೊಳೆಯ ಬಗ್ಗೆ 1910ರಲ್ಲಿ ವರದಿ ಬರೆದರು. ಫ್ರಾನ್ಸಿನ ದ್ರಾಕ್ಷಿ ತೋಟಗಳ ಬೋರ್ಡೋ ನಮ್ಮ ಅಡಿಕೆ ಮರ ಹತ್ತಿದ್ದು ಅವರ ದುಡಿಮೆಯಿಂದ. ನಮ್ಮ ‘ಕೊಳೆರೋಗ’ ಎಂಬ ಮಾತು ವಿಜ್ಞಾನದ ಪುಸ್ತಕಗಳನ್ನೂ ಸೇರಿದೆ. ಕಾಫಿಗೆ ಕೊಳೆ ತರುವ ಶಿಲೀಂಧ್ರಕ್ಕೆ ವಿಜ್ಞಾನಿಗಳು ಇಟ್ಟ ಒಂದು ಹೆಸರಲ್ಲೇ ‘ಕೊಳೆರೋಗಾ’ ಇದೆ!

ಈಗಾಗಲೇ ರೋಗ ಬಂದಿದ್ದರೆ? ಮರದ ಬುಡದಲ್ಲಿ ಬಿದ್ದ ಹಸಿರು ಅಡಿಕೆ ಎತ್ತಿ ನೋಡಿ. ತೊಟ್ಟಿನ ಹತ್ತಿರ ನೀರು ಹೀರಿಕೊಂಡಂಥ ಕಡುಹಸಿರು ಕಲೆ, ಮೇಲೆ ಹತ್ತಿಯಂಥ ಬಿಳಿ ಬೂಷ್ಟು ಇದ್ದರೆ ಅನುಮಾನ ಬೇಡ, ಕೊಳೆಯೇ. ಆ ಅಡಿಕೆಯನ್ನು ಕಾಲಲ್ಲಿ ಕಾಲುವೆಗೆ ತಳ್ಳಬೇಡಿ. ಆರಿಸಿ ತೋಟದಿಂದ ಹೊರಗೆ ಸುಡಿ ಇಲ್ಲವೇ ಹೂಳಿ. ಕೊಳೆತ ಕೊನೆಯನ್ನು ಇಳಿಸಿ, ಚೆನ್ನಾಗಿರುವ ಕೊನೆಗಳಿಗೆ ಮತ್ತೆ ಬೋರ್ಡೋ ಹೊಡೆಸಿ. ಬಸಿಗಾಲುವೆ ಬಿಡಿಸಿ ನೀರು ಹರಿದು ಹೋಗಲಿ. ಪಕ್ಕದ ತೋಟದವರ ಹತ್ತಿರವೂ ಮಾತಾಡಿ, ಗಾಳಿಮಳೆಗೆ ಬೇಲಿ ಇಲ್ಲವಲ್ಲ.

ಪ್ರತಿವರ್ಷ ಕೊಳೆ ಬರುವ ತಗ್ಗಿನ ಸಾಲುಗಳಿದ್ದರೆ ಅವಕ್ಕೆ ಮಾತ್ರ ಮಳೆಗೆ ಮುಂಚೆ ಕೊನೆಗಳಿಗೆ ಪ್ಲಾಸ್ಟಿಕ್ ಕೊಟ್ಟೆ (ಚೀಲ) ಕಟ್ಟಿಸಬಹುದು. ಕೊನೆಗೆ ನೀರು ತಾಗದಿದ್ದರೆ ಕೊಳೆಯೂ ಇಲ್ಲ. ಖರ್ಚು ಜಾಸ್ತಿ, ಇಡೀ ತೋಟಕ್ಕೆ ಹೇಳಲಾರೆ.

ಮಳೆ ಬಿಟ್ಟ ಮೇಲೆ ಇನ್ನೊಂದು ಕೆಲಸ ಇದೆ, ಜನ ಮರೆಯುವುದು ಇದನ್ನೇ. ಕೊಳೆತು ಒಣಗಿ ಮರದಲ್ಲೇ ನೇತಾಡುವ ಕೊನೆಗಳನ್ನು ತೆಗೆಸಿ. ಮುಂದಿನ ವರ್ಷದ ರೋಗ ಅಲ್ಲಿಂದ ಶುರುವಾಗುತ್ತದೆ. ಅದು ಮರದ ತುದಿಯ ಸುಳಿಗೆ ಇಳಿದರೆ ಹೋಗುವುದು ಫಸಲಲ್ಲ, ಮರ.